ಕಡಿಮೆ ದುಡ್ಡಿನ ಪಾತ್ರ

ಕೇಳುಗರಿಗೆ ನಮಸ್ಕಾರ.

ತುಮಕೂರು ಸೀಮೆಯಲ್ಲಿ ಪೌರಾಣಿಕ ನಾಟಕ ಆಡುವವರಿಗೆಲ್ಲ ಒಂದು ಲೆಕ್ಕ ಗೊತ್ತು. ನಮ್ಮ ಹಳ್ಳಿಗಳಲ್ಲಿ ನಟನಿಗೆ ಸಂಬಳವಿಲ್ಲ. ಪಾತ್ರಕ್ಕೆ ನಟನೇ ದುಡ್ಡು ಕಟ್ಟಬೇಕು. ಕುರುಕ್ಷೇತ್ರವಾದರೆ ಕೃಷ್ಣ, ದುರ್ಯೋಧನರಿಗೆ ಹೆಚ್ಚು, ವಿದುರನಿಗೆ ಕಡಿಮೆ. ನಾನು ಮೊದಲ ಸಲ ಬಣ್ಣ ಹಚ್ಚಿದಾಗ ಹಾರ್ಮೋನಿಯಂ ಮೇಷ್ಟ್ರು ನನ್ನ ಮುಖ ನೋಡಲಿಲ್ಲ, ಜೇಬು ನೋಡಿದರು, ಸಹದೇವನನ್ನು ಕೊಟ್ಟರು. ನಾಲ್ಕು ಮಾತು, ಒಂದು ಹಾಡು. ಉಳಿದ ರಾತ್ರಿಯೆಲ್ಲ ಭೀಮನ ಗದೆಯ ಮರೆಯಲ್ಲಿ ನಿಂತು ಸೊಳ್ಳೆ ಹೊಡೆದುಕೊಂಡೆ. ಹಾಗಾಗಿ ಕಡಿಮೆ ದುಡ್ಡಿನ ಪಾತ್ರಗಳ ಮೇಲೆ ನನಗೆ ಒಂದು ಕಕ್ಕುಲಾತಿ. ಪರದೇಶದಲ್ಲಿ ನೆಲೆಸಿ, ಅಂಥ ಪಾತ್ರಗಳಲ್ಲೇ ಅರ್ಧ ಶತಮಾನ ಬಾಳಿದ ನಟ ಸಯೀದ್ ಜಾಫ್ರಿ ಅವರ ಬಗ್ಗೆ ಇಂದು ಮಾತನಾಡುತ್ತೇನೆ.

ಅವರು ಹುಟ್ಟಿದ್ದು 1929ರಲ್ಲಿ, ಪಂಜಾಬಿನ ಮಲೇರ್‌ಕೋಟ್ಲಾದಲ್ಲಿ. ಹೊಟ್ಟೆಪಾಡಿಗೆ ಸಿಕ್ಕಿದ್ದು ದೆಹಲಿಯ ಆಕಾಶವಾಣಿಯಲ್ಲಿ ಉದ್ಘೋಷಕನ ಕೆಲಸ. ಮೈಕಿನ ಮುಂದೆ ಕುಳಿತು ಇದನ್ನು ಹೇಳುವಾಗ ನನ್ನ ಎದೆ ಸ್ವಲ್ಪ ಉಬ್ಬಿದರೆ ಕ್ಷಮಿಸಿ. 1951ರಲ್ಲಿ ಗೆಳೆಯರೊಂದಿಗೆ ಯೂನಿಟಿ ಥಿಯೇಟರ್ ಕಟ್ಟಿದರು. ಆಮೇಲೆ ಲಂಡನ್ನಿನಲ್ಲಿ ನಾಟಕದ ಕಲಿಕೆ, ವಾಷಿಂಗ್ಟನ್ನಿನಲ್ಲಿ ಸ್ನಾತಕೋತ್ತರ ಪದವಿ. ನಮ್ಮ ಗುಬ್ಬಿ ಕಂಪನಿ ಸಾಮಾನು ಸರಂಜಾಮು ಹೇರಿಕೊಂಡು ಊರೂರು ಅಲೆದಂತೆ, ಇವರು ಶೇಕ್ಸ್‌ಪಿಯರನ ನಾಟಕದ ತಂಡದ ಜೊತೆ ಅಮೆರಿಕದ ಊರೂರು ಅಲೆದರು. 1965ರ ಹೊತ್ತಿಗೆ ಲಂಡನ್ನಿಗೆ ಬಂದು ನೆಲೆ ನಿಂತರು.

ಈಗ ನನಗೆ ಬಹಳ ಕಾಡಿದ ಸಂಗತಿ ಹೇಳುತ್ತೇನೆ. 1962ರಲ್ಲಿ ನ್ಯೂಯಾರ್ಕಿನ ಬ್ರಾಡ್‌ವೇ ರಂಗಭೂಮಿಗೆ ‘ಎ ಪ್ಯಾಸೇಜ್ ಟು ಇಂಡಿಯಾ’ ನಾಟಕ ಬಂತು. ಅದರಲ್ಲಿ ಪ್ರೊಫೆಸರ್ ಗೋಡ್‌ಬೋಲೆ ಎಂಬ ಬ್ರಾಹ್ಮಣನ ಪಾತ್ರ ಜಾಫ್ರಿ ಅವರದು. ಇಪ್ಪತ್ತೆರಡು ವರ್ಷಗಳ ನಂತರ, 1984ರಲ್ಲಿ, ಅದೇ ಕಥೆಯನ್ನು ಡೇವಿಡ್ ಲೀನ್ ಸಿನಿಮಾ ಮಾಡಿದರು. ಚಿತ್ರೀಕರಣದ ಬಹುಪಾಲು ನಡೆದದ್ದು ನಮ್ಮ ಮಗ್ಗುಲಲ್ಲೇ. ಬೆಂಗಳೂರಿನಲ್ಲಿ ಊರಿನ ಸೆಟ್ಟು ಹಾಕಿದರು. ಗುಹೆಗಳ ದೃಶ್ಯಕ್ಕೆ ಸಾವನದುರ್ಗದ ಬಂಡೆಯನ್ನು ಆರಿಸಿಕೊಂಡರು. ಕುಣಿಗಲ್ ದಾಟಿ ಮಾಗಡಿ ಕಡೆಗೆ ಹೋದರೆ ಸಿಗುತ್ತದಲ್ಲ, ಅದೇ ಬಂಡೆ. ಜಾಫ್ರಿ ಅವರೂ ಆ ಚಿತ್ರದಲ್ಲಿದ್ದಾರೆ, ಹಮೀದುಲ್ಲಾ ಎಂಬ ವಕೀಲನಾಗಿ. ಗೋಡ್‌ಬೋಲೆಯ ಪಾತ್ರ ಮಾತ್ರ ಅಲೆಕ್ ಗಿನ್ನೆಸ್ ಎಂಬ ಇಂಗ್ಲಿಷ್ ನಟನ ಪಾಲಾಯಿತು. ಮುಖಕ್ಕೆ ಕಂದು ಬಣ್ಣ ಬಳಿದು, ಪೇಟ ಸುತ್ತಿ ನಮ್ಮವರನ್ನೇ ನಮಗೆ ತೋರಿಸಿದರು. ಗಿನ್ನೆಸ್ ಸಾಮಾನ್ಯ ನಟರಲ್ಲ, ಒಪ್ಪುತ್ತೇನೆ. ಆದರೂ ಆ ದೃಶ್ಯ ಬಂದಾಗಲೆಲ್ಲ ನನ್ನ ಕಣ್ಣು ಪಕ್ಕದಲ್ಲಿ ಎಲ್ಲಾದರೂ ಜಾಫ್ರಿ ನಿಂತಿದ್ದಾರೆಯೇ ಎಂದು ಹುಡುಕುತ್ತದೆ. ಮೇಷ್ಟ್ರು ಜೇಬು ನೋಡಿದ ಹಾಗೆ ಅಲ್ಲಿ ಹೆಸರಿನ ತೂಕ ನೋಡಿದರು.

ಪರದೇಶದ ಸಿನಿಮಾದಲ್ಲಿ ಅವರಿಗೆ ಗುರುತು ಕೊಟ್ಟದ್ದು 1975ರ ‘ದ ಮ್ಯಾನ್ ಹೂ ವುಡ್ ಬಿ ಕಿಂಗ್’. ಶಾನ್ ಕಾನರಿ, ಮೈಕೆಲ್ ಕೇನ್ ಎಂಬ ಇಬ್ಬರು ಗಜಗಳ ನಡುವೆ ಇವರು ಬಿಲ್ಲಿ ಫಿಶ್ ಎಂಬ ಗೂರ್ಖಾ ಸಿಪಾಯಿ. ಬಿಳಿಯರ ಮಾತನ್ನು ಬೆಟ್ಟದ ಜನರಿಗೆ, ಅವರ ಮಾತನ್ನು ಇವರಿಗೆ ಹೇಳುವ ದುಭಾಷಿ. ಓಡಿಹೋಗಲು ಅವಕಾಶವಿದ್ದರೂ ಕೊನೆಗೆ ಕುಕ್ರಿ ಹಿರಿದು ಒಬ್ಬನೇ ಗುಂಪಿನ ಮೇಲೆ ನುಗ್ಗಿ ಸಾಯುತ್ತಾನೆ. ಕೆಲವೇ ಕ್ಷಣಗಳ ದೃಶ್ಯ.

ನಮ್ಮ ದೇಶ ಅವರನ್ನು ನೋಡಿದ್ದು 1977ರಲ್ಲಿ, ಸತ್ಯಜಿತ್ ರೇ ಅವರ ‘ಶತರಂಜ್ ಕೆ ಖಿಲಾಡಿ’ಯಿಂದ. ಲಖನೌ ನವಾಬನ ಕೈಬಿಟ್ಟು ಇಂಗ್ಲಿಷರ ಪಾಲಾಗುತ್ತಿರುವಾಗ ಚದುರಂಗದಲ್ಲಿ ಮುಳುಗಿದ ಇಬ್ಬರಲ್ಲಿ ಇವರು ಮೀರ್ ರೋಶನ್ ಅಲಿ. ಗೆಳೆಯನ ಹೆಂಡತಿ ಚದುರಂಗದ ಕಾಯಿಗಳನ್ನು ಬಚ್ಚಿಟ್ಟರೆ, ಅಡುಗೆಮನೆಯ ಕಾಯಿಗಳನ್ನೇ ಹಾಸಿನ ಮೇಲೆ ಜೋಡಿಸಿ ಆಡುವವರು. ಒಂದು ದಿನ ಮೀರ್ ಹೊತ್ತಲ್ಲದ ಹೊತ್ತಿನಲ್ಲಿ ಮನೆಗೆ ಬಂದರೆ ಹೆಂಡತಿಯ ಮಂಚದ ಕೆಳಗೆ ನೆಂಟರ ಹುಡುಗ. ಸೈನ್ಯಕ್ಕೆ ಹಿಡಿದುಕೊಂಡು ಹೋಗುತ್ತಾರೆ ಎಂದು ಅಡಗಿದ್ದೇನೆ ಎನ್ನುತ್ತಾನೆ. ಮೀರ್ ನಂಬುತ್ತಾನೆ. ಬೇರೆ ನಟರಾಗಿದ್ದರೆ ಇಲ್ಲಿ ಪೆದ್ದನಂತೆ ಕಣ್ಣರಳಿಸಿ ನಗಿಸುತ್ತಿದ್ದರು. ಜಾಫ್ರಿ ನಿಜವಾಗಿ ನಂಬುತ್ತಾರೆ, ಆದ್ದರಿಂದಲೇ ನಗು ಬಂದದ್ದು ಗಂಟಲಲ್ಲೇ ನಿಲ್ಲುತ್ತದೆ. ಆ ಪಾತ್ರಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು.

‘ಚಶ್ಮೆ ಬದ್ದೂರ್’ ಚಿತ್ರದ ಲಲ್ಲನ್ ಮಿಯಾ ನನಗೆ ಇನ್ನೂ ಹತ್ತಿರದವನು. ಬೀಡಾ ಅಂಗಡಿಯವನು, ಕಾಲೇಜು ಹುಡುಗರ ಸಿಗರೇಟಿನ ಸಾಲ ವಸೂಲಿಯೇ ಅವನ ಸಂಸಾರ ತಾಪತ್ರಯ. ಬೈಯುತ್ತಾನೆ, ಮತ್ತೆ ಕೊಡುತ್ತಾನೆ. ತುಮಕೂರಿನ ಬಸ್ ನಿಲ್ದಾಣದ ಆಸುಪಾಸಿನಲ್ಲಿ ಅಂಥವರನ್ನು ನಾನು ಬೆಳಗಾದರೆ ನೋಡುತ್ತೇನೆ, ಒಬ್ಬರಿಗೆ ಬಾಕಿಯೂ ಇದ್ದೇನೆ. ಆಮೇಲೆ ಹಿಂದಿ ಸಿನಿಮಾ ಅವರನ್ನು ಅಪ್ಪ, ಚಿಕ್ಕಪ್ಪ, ಸಾಹುಕಾರ ಎಂದು ಸವೆಸಿತು. ಅವುಗಳಲ್ಲಿ ಹಲವನ್ನು ನಾನು ಪೂರ್ತಿ ನೋಡಲಾರೆ. ಅಟೆನ್‌ಬರೋ ಅವರ ‘ಗಾಂಧಿ’ಯ ಸರ್ದಾರ್ ಪಟೇಲ್, ಲಂಡನ್ನಿನ ಪಾಕಿಸ್ತಾನಿ ವ್ಯಾಪಾರಿಯಾಗಿ ನಟಿಸಿದ ‘ಮೈ ಬ್ಯೂಟಿಫುಲ್ ಲಾಂಡ್ರೆಟ್’ ಬೇರೆ ಮಾತು. ಎರಡನೆಯದಕ್ಕೆ ಬ್ರಿಟನ್ನಿನ ಬಾಫ್ಟಾ ಪ್ರಶಸ್ತಿಗೆ ನಾಮನಿರ್ದೇಶನ ಸಿಕ್ಕಿತು. 2015ರ ನವೆಂಬರಿನಲ್ಲಿ ಲಂಡನ್ನಿನಲ್ಲಿ ತೀರಿಕೊಂಡರು. ನಮ್ಮ ಸರ್ಕಾರದ ಪದ್ಮಶ್ರೀ ಬಂದದ್ದು ಮರುವರ್ಷ.

ಕೊನೆಗೆ ಬಾನುಲಿಯ ಮಾತು. 1997ರಲ್ಲಿ ಬಿಬಿಸಿ ವರ್ಲ್ಡ್ ಸರ್ವೀಸ್ ವಿಕ್ರಮ್ ಸೇಠ್ ಅವರ ‘ಎ ಸೂಟಬಲ್ ಬಾಯ್’ ಕಾದಂಬರಿಯನ್ನು ಪ್ರಸಾರ ಮಾಡಿತು. ಅದರ 86 ಪಾತ್ರಗಳಿಗೂ ಒಬ್ಬರದೇ ದನಿ, ಜಾಫ್ರಿ ಅವರದು. ಹೆಂಗಸರು, ಮುದುಕರು, ಹುಡುಗರು, ಎಲ್ಲರೂ ಆ ಒಂದು ಗಂಟಲಲ್ಲಿ. ನಮ್ಮ ಕಡೆ 86 ಪಾತ್ರ ಎಂದರೆ ಮೂರು ಹಳ್ಳಿಯ ಗಂಡಸರು ಸೇರಬೇಕು. ಮೇಷ್ಟ್ರು ಪಾತ್ರಕ್ಕಿಷ್ಟು ಎಂದು ಎತ್ತಿದ್ದರೆ ಜಾಫ್ರಿ ಅವರು ಮಲೇರ್‌ಕೋಟ್ಲಾದ ಮನೆಯನ್ನು ಅಡವಿಡಬೇಕಾಗುತ್ತಿತ್ತು.

ನಮಸ್ಕಾರ.