ಆರ್ಮಾದಿಂದ ಕೇಂಬ್ರಿಜ್‌ಗೆ: ಆರ್ಗನ್ ವಾದಕ ಚಾರ್ಲ್ಸ್ ವುಡ್

ಕೇಳುಗರಿಗೆ ನಮಸ್ಕಾರ.

‘ಡಿಂಗ್ ಡಾಂಗ್ ಮೆರಿಲಿ ಆನ್ ಹೈ’ ಎಂಬ ಕ್ರಿಸ್‌ಮಸ್ ಕ್ಯಾರೋಲ್ ನಿಮ್ಮಲ್ಲಿ ಹಲವರ ಕಿವಿಗೆ ಬಿದ್ದಿರಬಹುದು. ‘ಗ್ಲೋರಿಯಾ’ ಎನ್ನುವಾಗ ಮೊದಲ ಅಕ್ಷರವೊಂದನ್ನೇ ಹಿಡಿದುಕೊಂಡು ರಾಗ ಏರಿಳಿಯುತ್ತಾ ಬಹುದೂರ ಸಾಗುತ್ತದಲ್ಲ, ಅದೇ ಹಾಡು. ಆ ಹಳೆಯ ಮಟ್ಟನ್ನು ಗಾಯನವೃಂದಕ್ಕೆ ಹೊಂದಿಸಿಕೊಟ್ಟವರು ಐರ್ಲೆಂಡಿನ ಚಾರ್ಲ್ಸ್ ವುಡ್.

ಅವರು ಹುಟ್ಟಿದ್ದು 1866ರ ಜೂನ್ 15ರಂದು, ಆರ್ಮಾ ಪಟ್ಟಣದಲ್ಲಿ. ತಂದೆ ಅಲ್ಲಿನ ಸೇಂಟ್ ಪ್ಯಾಟ್ರಿಕ್ ಕೆಥೆಡ್ರಲ್ ಎಂಬ ದೊಡ್ಡ ಚರ್ಚಿನಲ್ಲಿ ಟೆನರ್, ಅಂದರೆ ಗಂಡುದನಿಯ ಮೇಲಿನ ಸ್ಥಾಯಿಯ ಗಾಯಕರು. ಮಗನೂ ಅದೇ ವೃಂದದಲ್ಲಿ ಹಾಡಿದ, ಅಲ್ಲೇ ಆರ್ಗನ್ ಕಲಿತ. ಈ ಬಾಲ್ಯವೇ ವುಡ್ ಅವರ ಸಂಗೀತದ ಬುನಾದಿ ಎನ್ನಬೇಕು. ಹಾಡುವವರ ಉಸಿರು ಎಲ್ಲಿಯವರೆಗೆ ಬರುತ್ತದೆ, ಎಲ್ಲಿ ಕೈಕೊಡುತ್ತದೆ ಎಂಬುದನ್ನು ಅವರು ಹಾಡುವವರ ಸಾಲಿನಲ್ಲೇ ನಿಂತು ತಿಳಿದಿದ್ದರು.

1883ರಲ್ಲಿ ಲಂಡನ್ನಿನ ರಾಯಲ್ ಕಾಲೇಜ್ ಆಫ್ ಮ್ಯೂಸಿಕ್ ಆರಂಭವಾದಾಗ ಮೊದಲ ತಂಡದ ವಿದ್ಯಾರ್ಥಿವೇತನ ಪಡೆದವರಲ್ಲಿ ವುಡ್ ಒಬ್ಬರು. ಗುರು ಚಾರ್ಲ್ಸ್ ವಿಲಿಯರ್ಸ್ ಸ್ಟ್ಯಾನ್‌ಫರ್ಡ್ ಡಬ್ಲಿನ್‌ನವರು, ಅವರೂ ಆರ್ಗನ್ ವಾದಕರೇ. ಮುಂದೆ ಕೇಂಬ್ರಿಜ್‌ನ ಗಾನ್‌ವಿಲ್ ಅಂಡ್ ಕೀಸ್ ಕಾಲೇಜಿನಲ್ಲಿ ವುಡ್ ಆರ್ಗನ್ ವಾದಕರಾದರು, 1894ರಲ್ಲಿ ಫೆಲೋ, ಅಂದರೆ ಕಾಲೇಜಿನ ವಿದ್ವತ್ ಮಂಡಳಿಯ ಸದಸ್ಯ, ಆದರು.

ಆರ್ಗನ್ ವಾದಕನ ಕೆಲಸವೇನು? ನಮ್ಮ ಹಾರ್ಮೋನಿಯಂನಲ್ಲಿ ತಿದಿಯನ್ನು ಜೋರಾಗಿ ಒತ್ತಿದರೆ ಸ್ವರ ಜೋರಾಗುತ್ತದೆ. ಚರ್ಚಿನ ಕೊಳವೆ ಆರ್ಗನ್‌ನಲ್ಲಿ ಗಾಳಿಯ ಒತ್ತಡ ಒಂದೇ ಸಮ. ಬೆರಳನ್ನು ಎಷ್ಟು ಜೋರಾಗಿ ಒತ್ತಿದರೂ ಆ ಕೊಳವೆ ಅಷ್ಟೇ ನುಡಿಯುತ್ತದೆ. ಬೆರಳೆತ್ತಿದ ಕ್ಷಣ ಅದರ ನುಡಿ ನಿಲ್ಲುತ್ತದೆ. ಹಾಗಾಗಿ ಸ್ವರಕ್ಕೆ ಸ್ವರ ಅಂಟಿಕೊಂಡು ಬರಬೇಕಾದರೆ, ಒತ್ತಿದ ಪಟ್ಟಿಯನ್ನು ಬಿಡದೆ ಅದರ ಮೇಲೇ ಒಂದು ಬೆರಳಿನ ಜಾಗಕ್ಕೆ ಇನ್ನೊಂದನ್ನು ತಂದು, ಮೊದಲ ಬೆರಳನ್ನು ಮುಂದಿನ ಸ್ವರಕ್ಕೆ ಬಿಡಿಸಿಕೊಳ್ಳಬೇಕು. ಕಾಲುಗಳೂ ಸುಮ್ಮನಿರುವುದಿಲ್ಲ; ಮಂದ್ರ ಸ್ವರಗಳನ್ನು ಹಿಮ್ಮಡಿ ಮತ್ತು ತುದಿಗಾಲಿನಿಂದ ನುಡಿಸಬೇಕು. 16 ಅಡಿಯ ದೊಡ್ಡ ಕೊಳವೆ ಬಾಯಿಬಿಡಲು ಸಣ್ಣ ಕೊಳವೆಗಿಂತ ಹೊತ್ತು ಹಿಡಿಯುತ್ತದೆ.

ಇನ್ನೊಂದು ತೊಡಕು ಆರ್ಗನ್‌ಗೂ ಗಾಯಕರಿಗೂ ನಡುವಿನ ದೂರದ್ದು. ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಸಾಗುತ್ತದೆ. ಅಂದರೆ 17 ಮೀಟರ್ ದಾಟಲು ಸೆಕೆಂಡಿನ ಇಪ್ಪತ್ತರಲ್ಲೊಂದು ಪಾಲು ಬೇಕು. ವಾದಕ ಗಾಯಕರನ್ನು ಕೇಳಿ ನುಡಿಸಲು ಹೊರಟರೆ, ಗಾಯಕರು ಆರ್ಗನ್ ಕೇಳಿ ಹಾಡಲು ಹೊರಟರೆ, ಇಬ್ಬರೂ ಒಬ್ಬರಿಗೊಬ್ಬರು ಕಾಯುತ್ತಾ ಲಯ ಜಗ್ಗಿಹೋಗುತ್ತದೆ. ಇಲ್ಲಿ ಕಿವಿಗಿಂತ ನಿರ್ದೇಶಕರ ಕೈಯನ್ನು ನಂಬಬೇಕು.

1919ರಲ್ಲಿ ಅಚ್ಚಾದ ವುಡ್ ಅವರ ‘ಹೇಲ್, ಗ್ಲ್ಯಾಡನಿಂಗ್ ಲೈಟ್’ ಕೃತಿಯಲ್ಲಿ, ಆರ್ಗನ್ ಇಲ್ಲದಿದ್ದರೂ, ಕೇಳಿ ಕಾಯುವ ಈ ತೊಡಕು ಎದ್ದು ಕಾಣುತ್ತದೆ. ಪುರಾತನ ಗ್ರೀಕ್ ಸಂಜೆಪ್ರಾರ್ಥನೆಯ ಇಂಗ್ಲಿಷ್ ರೂಪ ಅದು. ಎರಡು ವೃಂದಗಳು, ಒಂದೊಂದರಲ್ಲೂ ನಾಲ್ಕು ಧ್ವನಿಗಳು, ಪಕ್ಕವಾದ್ಯವೇ ಇಲ್ಲ. ಒಂದು ವೃಂದ ಕರೆದದ್ದಕ್ಕೆ ಎದುರಿನದು ಓಗೊಡುತ್ತದೆ. ಎದುರಿನವರ ಕೊನೆಯ ಸ್ವರ ಮುಗಿಯಲಿ ಎಂದು ಕಾದರೆ ಆಗಲೇ ತಡವಾಗಿರುತ್ತದೆ, ಉಸಿರನ್ನು ಅದಕ್ಕೂ ಮುಂಚೆ ತುಂಬಿಕೊಂಡಿರಬೇಕು. ಆಧಾರಕ್ಕೆ ಶ್ರುತಿ ಹಿಡಿಯುವವರಿಲ್ಲ. ಇಳಿಯುವ ಹೆಜ್ಜೆಗಳನ್ನು ಚೂರು ದೊಡ್ಡದಾಗಿ ಇಟ್ಟರೂ ಸಾಕು, ಪ್ರತಿ ಸಾಲಿಗೂ ಕೂದಲೆಳೆಯಷ್ಟು ಜಾರುತ್ತಾ ಕೊನೆಗೆ ಇಡೀ ವೃಂದದ ಶ್ರುತಿಯೇ ಕೆಳಗಿಳಿದಿರುತ್ತದೆ. ನನ್ನ ಮಟ್ಟಿಗೆ ವುಡ್ ಅವರ ಅತ್ಯುತ್ತಮ ರಚನೆ ಇದು.

ಹಾಡುಗಾರಿಕೆಯ ಕಡೆಗೂ ಬರೋಣ. ಅಮೆರಿಕದ ವಾಲ್ಟ್ ವಿಟ್‌ಮನ್ ಕವಿತೆಗೆ ಅವರು 1898ರಲ್ಲಿ ಕಟ್ಟಿದ ‘ಇಥಿಯೋಪಿಯಾ ಸಲ್ಯೂಟಿಂಗ್ ದ ಕಲರ್ಸ್’ ಹೆಸರುವಾಸಿ. ಐರಿಷ್ ಜನಪದ ಮಟ್ಟುಗಳಿಗೂ ಪಿಯಾನೋ ಸಾಥ್ ಬರೆದರು. ಆಮೇಲೆ ಜಾರ್ಜ್ ರ‍್ಯಾಟ್‌ಕ್ಲಿಫ್ ವುಡ್‌ವರ್ಡ್ ಎಂಬ ಪಾದ್ರಿಯ ಜೊತೆಗಾರಿಕೆ: ಹಳೆಯ ಮಟ್ಟುಗಳಿಗೆ ಅವರು ಪದ ಕೂರಿಸಿದರೆ, ವುಡ್ ಧ್ವನಿಗಳನ್ನು ಹೆಣೆಯುತ್ತಿದ್ದರು. ಮೊದಲಿಗೆ ಹೇಳಿದ ಕ್ಯಾರೋಲ್‌ನ ಮಟ್ಟು 1589ರ ಒಂದು ಫ್ರೆಂಚ್ ನೃತ್ಯಗ್ರಂಥದ್ದು, ಕುಣಿತಕ್ಕೆಂದೇ ಇದ್ದದ್ದು. ಅದರ ‘ಗ್ಲೋರಿಯಾ’ದಲ್ಲಿ ಒಂದೇ ಪಲುಕು ಮೆಟ್ಟಿಲು ಮೆಟ್ಟಿಲಾಗಿ ಇಳಿಯುತ್ತದೆ. ಪ್ರತಿ ಸ್ವರಕ್ಕೂ ‘ಹೊ ಹೊ’ ಎಂದು ಗಾಳಿ ಬಿಟ್ಟರೆ ಉಸಿರು ಅರ್ಧದಾರಿಯಲ್ಲೇ ಮುಗಿಯುತ್ತದೆ. ‘ಓ’ಕಾರವನ್ನು ಒಡೆಯದೆ, ಹಗುರವಾಗಿ, ಕುಣಿತದ ನಡೆಯಲ್ಲಿ ಹಾಡಿದರೆ ದಾಟಬಹುದು.

1918ರಲ್ಲಿ, ವಾಯುಪಡೆಯಲ್ಲಿದ್ದ ಅವರ ಮಗ ಇಟಲಿಯಲ್ಲಿ ತೀರಿಕೊಂಡ. ಮರುವರ್ಷ ಹೊರಬಂದ ‘ಎಕ್ಸ್‌ಪೆಕ್ಟಾನ್ಸ್ ಎಕ್ಸ್‌ಪೆಕ್ಟಾವಿ’ಯ ಪದಗಳು ಚಾರ್ಲ್ಸ್ ಸಾರ್ಲಿಯವು, ಮೊದಲ ಮಹಾಯುದ್ಧದಲ್ಲಿ, 1915ರಲ್ಲಿ, 20ನೇ ವಯಸ್ಸಿಗೇ ಮಡಿದ ಕವಿ. ಅಗಳಿ ತೆಗೆದು, ದೀಪ ಹಚ್ಚಿ, ಬರುವವನಿಗಾಗಿ ಕಾದಿರುವ ಮನಸ್ಸಿನ ಚಿತ್ರ ಅದರಲ್ಲಿದೆ. ಯೇಸುವಿನ ಕೊನೆಯ ಯಾತನೆಯ ಕಥೆಯನ್ನು ಹಾಡುವ, 1920ರಲ್ಲಿ ಬರೆದ ‘ಸೇಂಟ್ ಮಾರ್ಕ್ ಪ್ಯಾಶನ್’ ಮರುವರ್ಷ ಕೇಂಬ್ರಿಜ್‌ನ ಕಿಂಗ್ಸ್ ಕಾಲೇಜಿನಲ್ಲಿ ಮೊದಲ ಬಾರಿ ಹಾಡಲ್ಪಟ್ಟಿತು. ವಾದ್ಯವೃಂದ ಬೇಡ, ಗಾಯಕರು ಮತ್ತು ಆರ್ಗನ್ ಇದ್ದರಾಯಿತು.

ಮೇಷ್ಟರಾಗಿ ಅವರ ಕೈಯಲ್ಲಿ ಪಳಗಿದವರಲ್ಲಿ ಮುಂದೆ ಹೆಸರಾಂತ ಸಂಗೀತ ರಚನಕಾರರಾದ ರಾಲ್ಫ್ ವಾನ್ ವಿಲಿಯಮ್ಸ್, ಹರ್ಬರ್ಟ್ ಹೊವೆಲ್ಸ್ ಇದ್ದರು. 1924ರಲ್ಲಿ ಸ್ಟ್ಯಾನ್‌ಫರ್ಡ್ ತೀರಿಕೊಂಡಾಗ ಕೇಂಬ್ರಿಜ್‌ನ ಸಂಗೀತ ಪ್ರಾಧ್ಯಾಪಕ ಪೀಠ ವುಡ್ ಅವರಿಗೆ ಬಂತು. ಅದೇ ವರ್ಷ ಆ ಕ್ಯಾರೋಲ್ ಇರುವ ‘ಕೇಂಬ್ರಿಜ್ ಕ್ಯಾರೋಲ್ ಬುಕ್’ ಹೊರಬಂತು. 1926ರ ಜುಲೈ 12ರಂದು ಅವರು ತೀರಿಕೊಂಡರು. ಚರ್ಚಿಗಾಗಿ ಅವರು ಬರೆದದ್ದರಲ್ಲಿ ಬಹುಪಾಲು ಅಚ್ಚಾದದ್ದು ಆಮೇಲೆಯೇ.