ಸೆರೆ ಸಿಕ್ಕ ಯು-505

ಕೇಳುಗರಿಗೆ ನಮಸ್ಕಾರ.

1944ರ ಜೂನ್ 4, ಭಾನುವಾರ. ಆಫ್ರಿಕಾದ ಪಶ್ಚಿಮ ತೀರದಿಂದ ಸುಮಾರು 150 ಮೈಲಿ ಆಚೆ, ಅಟ್ಲಾಂಟಿಕ್ ಸಾಗರದಲ್ಲಿ, ಬೆಳಿಗ್ಗೆ ಹನ್ನೊಂದು ದಾಟುತ್ತಿದ್ದಂತೆ ಅಮೆರಿಕದ ಚಾಟಲೈನ್ ಎಂಬ ಬೆಂಗಾವಲು ನೌಕೆಯ ಸೋನಾರ್ ಯಂತ್ರಕ್ಕೆ ನೀರಿನಡಿಯಲ್ಲೊಂದು ಜಲಾಂತರ್ಗಾಮಿಯ ಸುಳಿವು ಸಿಕ್ಕಿತು. ಮೇಲೆ ಹಾರುತ್ತಿದ್ದ ಯುದ್ಧವಿಮಾನಗಳು ನೀರಿಗೆ ಗುಂಡು ಹಾರಿಸಿ ಅದು ಇರುವ ಜಾಗವನ್ನು ತೋರಿಸಿಕೊಟ್ಟವು. ನೀರಿನಾಳದಲ್ಲಿ ಸಿಡಿಯುವ ಬಾಂಬುಗಳ ಮೊದಲ ದಾಳಿ ನಡೆದು ಏಳು ನಿಮಿಷ ತುಂಬುವ ಮೊದಲೇ ಜರ್ಮನಿಯ ಯು-505 ಮೇಲಕ್ಕೆ ಎದ್ದು ಬಂತು.

ಇದೇನೂ ಹೊಸ ನೌಕೆಯಾಗಿರಲಿಲ್ಲ. ಹ್ಯಾಂಬರ್ಗ್‌ನಲ್ಲಿ ಕಟ್ಟಲಾದ, 76 ಮೀಟರಿಗೂ ಹೆಚ್ಚು ಉದ್ದದ ಇದು 1941ರ ಆಗಸ್ಟ್‌ನಲ್ಲಿ ಸೇವೆಗೆ ಸೇರಿ, ಮುಂದಿನ ವರ್ಷ ಮುಗಿಯುವಷ್ಟರಲ್ಲಿ ಎಂಟು ಹಡಗುಗಳನ್ನು ಮುಳುಗಿಸಿತ್ತು. ಅಲ್ಲಿಂದಾಚೆಗೆ ಅದರ ಗ್ರಹಚಾರ ಕೆಟ್ಟಿತು. 1942ರ ನವೆಂಬರ್‌ನಲ್ಲಿ ಟ್ರಿನಿಡಾಡ್ ಬಳಿ ಬ್ರಿಟಿಷ್ ವಿಮಾನವೊಂದು ಎಷ್ಟು ಕೆಳಗೆ ಹಾರಿ ಬಾಂಬು ಹಾಕಿತೆಂದರೆ, ಆ ಸ್ಫೋಟಕ್ಕೆ ಸಿಕ್ಕಿ ವಿಮಾನವೇ ನಾಶವಾಯಿತು. ನೌಕೆ ಮಾತ್ರ ಮೈಯೆಲ್ಲ ಜರ್ಜರಿತವಾಗಿ ಫ್ರಾನ್ಸಿನ ಲೋರಿಯಾಂ ಬಂದರಿಗೆ ಹೇಗೋ ಹಿಂತಿರುಗಿತು. ಆರು ತಿಂಗಳ ದುರಸ್ತಿಯಾದ ಮೇಲೂ ಅದು ಹೊರಟ ಪ್ರತಿ ಸಲ ಏನಾದರೊಂದು ದೋಷ ಕಂಡು ಬಂದರಿಗೆ ಮರಳುತ್ತಿತ್ತು. ಜರ್ಮನಿಯ ವಶದಲ್ಲಿದ್ದ ಆ ಹಡಗುಕಟ್ಟೆಯ ಫ್ರೆಂಚ್ ಕಾರ್ಮಿಕರು ಬೇಕೆಂದೇ ಕೆಲಸ ಕೆಡಿಸುತ್ತಿದ್ದುದೇ ಇದಕ್ಕೆ ಕಾರಣ. ಎಲ್ಲಿಗೆ ಹೋದರೂ ತಪ್ಪದೆ ವಾಪಸು ಬರುವ ಕಪ್ತಾನನೆಂದರೆ ಇವನೊಬ್ಬನೇ ಎಂಬ ಕುಹಕ ಲೋರಿಯಾಂ ಬಂದರಿನಲ್ಲಿ ಹಬ್ಬಿತ್ತು. ಆ ಕಪ್ತಾನ ಪೀಟರ್ ಚೆಕ್ 1943ರ ಅಕ್ಟೋಬರ್ 24ರಂದು, ಸುತ್ತಲೂ ಬಾಂಬುಗಳು ಸಿಡಿಯುತ್ತಿರುವಾಗ, ತನ್ನ ಸಿಬ್ಬಂದಿಯ ನಡುವೆಯೇ ಗುಂಡು ಹೊಡೆದುಕೊಂಡು ಪ್ರಾಣ ಕಳೆದುಕೊಂಡ. ಅವನ ಕೈಕೆಳಗಿನ ಅಧಿಕಾರಿಯೊಬ್ಬ ನೌಕೆಯನ್ನು ಆ ದಾಳಿಯಿಂದ ಪಾರುಮಾಡಿ ಬಂದರು ಸೇರಿಸಿದ. ಸೆರೆ ಸಿಕ್ಕ ದಿನ ನೌಕೆಯ ಹೊಣೆ ಹೊತ್ತಿದ್ದವನು ಹರಾಲ್ಡ್ ಲಾಂಗೆ.

ಅಮೆರಿಕದ ತಂಡದ ನಾಯಕರಾಗಿದ್ದವರು ವಿಮಾನವಾಹಕ ನೌಕೆ ಗ್ವಾಡಲ್‌ಕೆನಾಲ್‌ನ ಕ್ಯಾಪ್ಟನ್ ಡ್ಯಾನಿಯಲ್ ಗ್ಯಾಲರಿ. ಅದೇ ಏಪ್ರಿಲ್‌ನಲ್ಲಿ ಇವರ ತಂಡದ ಏಟಿಗೆ ಯು-515 ಎಂಬ ಇನ್ನೊಂದು ಜಲಾಂತರ್ಗಾಮಿ ಮೇಲೆದ್ದು, ಕಣ್ಣೆದುರೇ ಮುಳುಗಿಹೋಗಿತ್ತು. ಇನ್ನೊಮ್ಮೆ ಇಂಥ ಸಂದರ್ಭ ಬಂದರೆ ಮುಳುಗಲು ಬಿಡದೆ ಹತ್ತಿ ಹಿಡಿಯಬೇಕೆಂದು ಗ್ಯಾಲರಿ ನಿಶ್ಚಯಿಸಿ, ಪ್ರತಿ ನೌಕೆಯಲ್ಲೂ ಅದಕ್ಕೆಂದೇ ಒಂದು ತುಕಡಿಯನ್ನು ಸಿದ್ಧವಾಗಿಡಲು ಹೇಳಿದ್ದರು. ಆದ್ದರಿಂದ ಜೂನ್ 4ರ ಘಟನೆಯನ್ನು ಬರಿಯ ಅದೃಷ್ಟವೆಂದು ಹೇಳಲಾಗದು.

ಜರ್ಮನ್ ನಾವಿಕರು ನೀರು ಒಳನುಗ್ಗುವಂತೆ ಕವಾಟಗಳನ್ನು ತೆರೆದು, ಸಮಯಸ್ಫೋಟಕಗಳನ್ನು ಇಟ್ಟು ಸಮುದ್ರಕ್ಕೆ ಧುಮುಕಿದ್ದರು. ಚುಕ್ಕಾಣಿ ಒಂದೇ ಕಡೆಗೆ ಸಿಕ್ಕಿಹಾಕಿಕೊಂಡಿದ್ದ ಆ ನೌಕೆ, ಒಳಗೆ ನಡೆಸುವವರಿಲ್ಲದೆ, ಗಾಣದೆತ್ತಿನ ಹಾಗೆ ಸುತ್ತು ಹಾಕುತ್ತಲೇ ಇತ್ತು. ಪಿಲ್ಸ್‌ಬರಿ ನೌಕೆಯ ಲೆಫ್ಟಿನೆಂಟ್ ಆಲ್ಬರ್ಟ್ ಡೇವಿಡ್ ಮತ್ತು ಅವರ ಸಂಗಡಿಗರು ಸಣ್ಣ ದೋಣಿಯಲ್ಲಿ ಅದನ್ನು ಬೆನ್ನಟ್ಟಿ, ಮೇಲಕ್ಕೆ ನೆಗೆದು, ಒಳಗೆ ಯಾರು ಅವಿತಿದ್ದಾರೆಂಬ ಅರಿವಿಲ್ಲದೆಯೇ ಏಣಿಯಿಳಿದರು. ಒಳಗೆ ಯಾರೂ ಇರಲಿಲ್ಲ; ನೀರು ಮಾತ್ರ ರಭಸದಿಂದ ನುಗ್ಗುತ್ತಿತ್ತು. ಝೀನನ್ ಲುಕೋಸಿಯಸ್ ಎಂಬ ನಾವಿಕರು ನೀರು ಬರುವ ಬಾಯಿಯ ಮುಚ್ಚಳ ಅಲ್ಲೇ ಬಿದ್ದಿರುವುದನ್ನು ಕಂಡು, ಅದನ್ನೆತ್ತಿ ಸ್ವಸ್ಥಾನದಲ್ಲಿ ಕೂರಿಸಿ ಬಿಗಿದರು. ಜರ್ಮನರು ಆ ಮುಚ್ಚಳವನ್ನು ಸಮುದ್ರಕ್ಕೆ ಎಸೆದಿದ್ದರೆ ಇವತ್ತು ನಾನು ಹೇಳುವುದಕ್ಕೆ ಈ ಕಥೆಯೇ ಇರುತ್ತಿರಲಿಲ್ಲ. ಸಮುದ್ರದ ನಡುವೆ ಶತ್ರುವಿನ ಯುದ್ಧನೌಕೆಯನ್ನು ಹತ್ತಿ ವಶಪಡಿಸಿಕೊಂಡದ್ದು 1815ರ ನಂತರ ಅಮೆರಿಕದ ನೌಕಾಪಡೆಗೆ ಅದೇ ಮೊದಲು. ಡೇವಿಡ್ ಅವರಿಗೆ ದೇಶದ ಅತ್ಯುನ್ನತ ಶೌರ್ಯಪದಕ ಸಂದಿತು. ಆದರೆ ಅದು ಕೈಸೇರುವ ಮೊದಲೇ, 1945ರಲ್ಲಿ, ಅವರು ತೀರಿಕೊಂಡರು.

ಹಿಡಿದದ್ದನ್ನು ಮುಳುಗದಂತೆ ಉಳಿಸಿಕೊಂಡ ಬಗೆ ನನಗೆ ಇನ್ನೂ ಸ್ವಾರಸ್ಯವಾಗಿ ಕಾಣುತ್ತದೆ. ಗ್ವಾಡಲ್‌ಕೆನಾಲ್‌ನ ಮುಖ್ಯ ಎಂಜಿನಿಯರ್ ಅರ್ಲ್ ಟ್ರೊಸಿನೊ ಅವರು ಎಣ್ಣೆ ಬೆರೆತ ಕೊಳಕು ನೀರಿನಲ್ಲಿ ತೆವಳಿ ಕೊಳವೆಗಳ ಜಾಡು ಹಿಡಿದು, ಡೀಸೆಲ್ ಎಂಜಿನ್ನುಗಳ ಸಂಪರ್ಕವನ್ನು ಕಳಚಿ, ನೌಕೆಯನ್ನು ವೇಗವಾಗಿ ಎಳೆಯುವಂತೆ ಕೇಳಿಕೊಂಡರು. ಎಳೆದಂತೆಲ್ಲ ನೀರಿನ ರಭಸಕ್ಕೆ ಪ್ರೊಪೆಲರ್ ತಿರುಗಿ, ಅದರೊಡನೆ ಮೋಟಾರು ತಿರುಗಿ, ಸೈಕಲ್ ಚಕ್ರಕ್ಕೆ ತಾಗಿಸಿದ ಡೈನಮೊದಲ್ಲಿ ಆಗುವಂತೆ ವಿದ್ಯುತ್ ಹುಟ್ಟಿ ಬ್ಯಾಟರಿ ತುಂಬಿತು. ಆ ವಿದ್ಯುತ್ತಿನಿಂದಲೇ ನೌಕೆಯ ಪಂಪುಗಳು ಒಳಗಿನ ನೀರನ್ನು ಹೊರಹಾಕಿದವು. ಜೂನ್ 19ರಂದು ಯು-505 ಬರ್ಮುಡಾ ತಲುಪಿತು.

ಒಳಗೆ ಸಿಕ್ಕಿದ್ದೆಂದರೆ ಸಂದೇಶಗಳನ್ನು ಗುಪ್ತ ಸಂಕೇತಕ್ಕೆ ತಿರುಗಿಸುವ ಎನಿಗ್ಮಾ ಯಂತ್ರಗಳು, ಸಂಕೇತ ಪುಸ್ತಕಗಳು, ಹಡಗಿನ ಸದ್ದನ್ನೇ ಅರಸಿ ಹೋಗುವ ಹೊಸ ಬಗೆಯ ಟಾರ್ಪಿಡೊಗಳು. ವಿಚಿತ್ರವೆಂದರೆ, ಈ ಸುದ್ದಿ ಕೇಳಿದ ನೌಕಾಪಡೆಯ ಮುಖ್ಯಸ್ಥ ಅಡ್ಮಿರಲ್ ಕಿಂಗ್ ಅವರಿಗೆ ಸಂತೋಷಕ್ಕಿಂತ ಸಿಟ್ಟೇ ಹೆಚ್ಚು ಬಂದಿತ್ತೆನ್ನುತ್ತಾರೆ. ಏಕೆಂದರೆ ಮಿತ್ರರಾಷ್ಟ್ರಗಳು ಜರ್ಮನಿಯ ಗುಪ್ತ ಸಂದೇಶಗಳನ್ನು ಆಗಲೇ ಓದುತ್ತಿದ್ದವು. ಅವುಗಳ ಸೇನೆ ಫ್ರಾನ್ಸಿನ ನಾರ್ಮಂಡಿ ತೀರದಲ್ಲಿ ಇಳಿದು ನಡೆಸಲಿದ್ದ ದಾಳಿಗೆ ಎರಡೇ ದಿನ ಉಳಿದಿತ್ತು. ನೌಕೆ ಸೆರೆಯಾದ ಗುಟ್ಟು ರಟ್ಟಾದರೆ ಜರ್ಮನರು ಸಂಕೇತಗಳನ್ನೆಲ್ಲ ಬದಲಿಸುತ್ತಿದ್ದರು, ವರ್ಷಗಳ ಶ್ರಮ ನೀರುಪಾಲಾಗುತ್ತಿತ್ತು. ತಂಡದ ಸುಮಾರು ಮೂರು ಸಾವಿರ ನಾವಿಕರಿಗೆ ಬಾಯಿ ಬಿಡಬಾರದೆಂದು ಕಟ್ಟಪ್ಪಣೆಯಾಯಿತು. ನೆನಪಿಗೆಂದು ನೌಕೆಯಿಂದ ಎತ್ತಿಕೊಂಡಿದ್ದ ಚಿಕ್ಕಪುಟ್ಟ ವಸ್ತುಗಳನ್ನೂ ಒಪ್ಪಿಸಬೇಕೆಂದು ಗ್ಯಾಲರಿ ಆದೇಶಿಸಿದರು. ಈ ಆದೇಶವೇ ನಾವಿಕರಿಗೆ ಹೆಚ್ಚು ಕಹಿಯಾಗಿದ್ದಿರಬೇಕು. ನೌಕೆಗೆ ನೆಮೊ ಎಂದು ಹೆಸರಿಟ್ಟರು. ಲ್ಯಾಟಿನ್ನಿನಲ್ಲಿ ಅದರ ಅರ್ಥ 'ಯಾರೂ ಅಲ್ಲ'. ಗುಟ್ಟು ಯುದ್ಧ ಮುಗಿಯುವವರೆಗೂ ಉಳಿಯಿತು.

ಅದರ ಬೆಲೆ ತೆತ್ತವರು ಸೆರೆಯಾಳುಗಳು. ಒಬ್ಬನ ಹೊರತು ಉಳಿದ ಜರ್ಮನ್ ನಾವಿಕರೆಲ್ಲ ಬದುಕುಳಿದಿದ್ದರು. ಅವರನ್ನು ಲೂಸಿಯಾನಾದ ರಸ್ಟನ್ ಶಿಬಿರದಲ್ಲಿ ಬೇರೆಯಾಗಿ ಇಟ್ಟು, ರೆಡ್ ಕ್ರಾಸ್ ಸಂಸ್ಥೆಗೂ ಸುಳಿವು ಕೊಡಲಿಲ್ಲ; ಊರಿನಲ್ಲಿ ಅವರ ಮನೆಯವರಿಗೆ ಸತ್ತರೆಂಬ ಸುದ್ದಿ ಹೋಯಿತು. ಗುಟ್ಟಿನ ಅಗತ್ಯವನ್ನು ನಾನು ಒಪ್ಪುತ್ತೇನಾದರೂ, ಯುದ್ಧಕೈದಿಗಳ ವಿಷಯದಲ್ಲಿ ಜಿನೀವಾ ಒಪ್ಪಂದವನ್ನು ಇಲ್ಲಿ ಬದಿಗೊತ್ತಲಾಯಿತೆಂಬುದನ್ನು ಮುಚ್ಚಿಡುವಂತಿಲ್ಲ.

ಯುದ್ಧಾನಂತರ ಗುರಿಯಾಗಿಟ್ಟು ಹೊಡೆದು ಮುಳುಗಿಸಬೇಕೆಂದಿದ್ದ ಈ ನೌಕೆ, ಗ್ಯಾಲರಿಯವರ ಊರಾದ ಷಿಕಾಗೊ ನಗರದ ಪ್ರಯತ್ನದಿಂದ ಉಳಿದು, 1954ರಲ್ಲಿ ಅಲ್ಲಿನ ವಿಜ್ಞಾನ ಮತ್ತು ಕೈಗಾರಿಕಾ ವಸ್ತುಸಂಗ್ರಹಾಲಯವನ್ನು ಸೇರಿತು. ಅಷ್ಟು ಹೊತ್ತಿಗೆ ಒಳಗಿನ ಉಪಕರಣಗಳಲ್ಲಿ ಬಹುಪಾಲು ಕಳಚಿಹೋಗಿದ್ದವು. ಸಂಗ್ರಹಾಲಯದವರು ಅವನ್ನು ಮೂಲತಃ ತಯಾರಿಸಿದ್ದ ಜರ್ಮನ್ ಕಂಪನಿಗಳಿಗೇ ಪತ್ರ ಬರೆದರು. ತಮ್ಮ ನೌಕೆ ಪರರ ಪಾಲಾದದ್ದು ಆ ಕಂಪನಿಗಳಿಗೆ ಹಿತವಾಗಿರಲಿಕ್ಕಿಲ್ಲ. ಆದರೂ ಜನ ನೋಡಲು ಬರುವುದಾದರೆ ಜರ್ಮನ್ ಕೆಲಸಗಾರಿಕೆಗೆ ಕುಂದು ಕಾಣಬಾರದೆಂದು, ಕೇಳಿದ ಬಿಡಿಭಾಗಗಳನ್ನು ಅವು ಹಣ ಪಡೆಯದೆಯೇ ಕಳುಹಿಸಿಕೊಟ್ಟವು.