ರಭಸಕ್ಕೆ ಬೆನ್ನು ಹಾಕಿ ಕೂತವರು: 1869ರ ಗ್ರ್ಯಾಂಡ್ ಕ್ಯಾನ್ಯನ್ ದೋಣಿಯಾನ

[ತೆರೆಯ ಮೇಲೆ: ದೋಣಿಯ ರೇಖಾಚಿತ್ರ. ದೋಣಿ ಬಲಕ್ಕೆ ಹೋಗುತ್ತಿದೆ, ಹುಟ್ಟು ಹಾಕುವವನ ಮುಖ ಎಡಕ್ಕಿದೆ.]

ನಮಸ್ಕಾರ. ಈ ಚಿತ್ರ ಉಲ್ಟಾ ಬಿಡಿಸಿದ್ದಾರೆ ಅನ್ನಿಸಿತಾ? ಇಲ್ಲ, ಸರಿಯಾಗೇ ಇದೆ. ಬಂದರಿನಂಥ ಶಾಂತ ನೀರಲ್ಲಿ ಎರಡು ಹುಟ್ಟಿನ ದೋಣಿ ನಡೆಸೋದೇ ಹೀಗೆ. ಹೋಗುವ ದಿಕ್ಕಿಗೆ ಬೆನ್ನು ಹಾಕಿ ಕೂತು ಎಳೆದರೆ ಕಾಲು, ಸೊಂಟ, ಬೆನ್ನು ಮೂರರ ಬಲವೂ ಹುಟ್ಟಿಗೆ ಸಿಗುತ್ತೆ, ದೋಣಿ ಬಾಣದ ಹಾಗೆ ಓಡುತ್ತೆ. 1869ರ ಮೇ 24ರಂದು ಅಮೆರಿಕದ ವಯೋಮಿಂಗ್ ಸೀಮೆಯ ಗ್ರೀನ್ ರಿವರ್ ಎಂಬ ರೈಲು ನಿಲ್ದಾಣದಿಂದ ಹತ್ತು ಜನ, ನಾಲ್ಕು ದೋಣಿ ಹೊರಟಾಗಲೂ ಹುಟ್ಟು ಹಾಕುವವರು ಕೂತಿದ್ದು ಹೀಗೇ. ಅವರು ಹೊರಟಿದ್ದು ಮಾತ್ರ ಶಾಂತ ನೀರಿಗಲ್ಲ. ಸುಮಾರು 1,600 ಕಿಲೋಮೀಟರ್ ದೂರ, ಮಧ್ಯೆ ಕೊಲೊರಾಡೊ ನದಿಯ ಮಹಾಕಮರಿ ಗ್ರ್ಯಾಂಡ್ ಕ್ಯಾನ್ಯನ್.

ನಾಯಕ ಜಾನ್ ವೆಸ್ಲಿ ಪೊವೆಲ್. ಭೂವಿಜ್ಞಾನ ಪಾಠ ಹೇಳುತ್ತಿದ್ದ ಮೇಷ್ಟ್ರು. 1862ರಲ್ಲಿ ಅಂತರ್ಯುದ್ಧದ ಶೈಲೋ ಕದನದಲ್ಲಿ ಬಲಗೈ ಕಳೆದುಕೊಂಡಿದ್ದರು.

[ತೆರೆಯ ಮೇಲೆ: ದೋಣಿಯ ಅಡ್ಡಕೊಯ್ತ.]

ದೋಣಿಗಳನ್ನ ಷಿಕಾಗೋದಲ್ಲಿ ಮಾಡಿಸಿ ರೈಲಲ್ಲಿ ತಂದಿದ್ದರು. ಮೂರು ದೋಣಿ ಓಕ್ ಮರದವು, 21 ಅಡಿ ಉದ್ದ, ಪಕ್ಕೆಗಳು ಜೋಡಿ ಜೋಡಿ. ನಾಲ್ಕನೆಯದು, 'ಎಮ್ಮಾ ಡೀನ್', ಹಗುರವಾದ ಪೈನ್ ಮರದ್ದು, 16 ಅಡಿ. ದೊಡ್ಡ ದೋಣಿಗಳ ಎರಡೂ ತುದಿಯಲ್ಲಿ ಮುಚ್ಚಿದ ಗೂಡು. ಅದರೊಳಗೆ ಗಾಳಿ ಇರೋದರಿಂದ ದೋಣಿ ತುಂಬಿದರೂ ಮುಳುಗಲ್ಲ. ನಡುಭಾಗ ಮಾತ್ರ ತೆರೆದದ್ದು, ಒಂದು ದೊಡ್ಡ ಅಲೆ ಬಡಿದರೆ ತುಂಬಿ ಹೋಗೋದು ಅದೇ. ತುಂಬಿದ ದೋಣಿ ಹುಟ್ಟಿನ ಮಾತು ಕೇಳಲ್ಲ, ನೀರು ಎಳೆದ ಕಡೆ ಹೋಗುತ್ತೆ. ಜೊತೆಗೆ ಹತ್ತು ತಿಂಗಳ ದಿನಸಿಯ ಭಾರ ಬೇರೆ.

ಕೆಳಗೆ ದುಂಡು ತಳ, ಅದರುದ್ದಕ್ಕೂ ಚಾಚಿದ ಕೀಲ್, ಅಂದರೆ ಬೆನ್ನೆಲುಬಿನಂಥ ಮರದ ಏಣು. ಶಾಂತ ನೀರಲ್ಲಿ ದೋಣಿ ನೆಟ್ಟಗೆ ಹೋಗೋದು ಈ ಕೀಲಿನಿಂದ. ಬಂಡೆಗಳ ಮಧ್ಯೆ ಬೇಕಾಗಿರೋದು ಅದಕ್ಕೆ ತದ್ವಿರುದ್ಧ ಗುಣ, ಚಕ್ಕನೆ ತಿರುಗೋದು. ನಮ್ಮ ತುಂಗಭದ್ರೆಯ ಹರಿಗೋಲು ನೆನಪಿಸಿಕೊಳ್ಳಿ. ಕೀಲ್ ಇಲ್ಲ, ಮೂತಿಯೂ ಇಲ್ಲ, ನಿಂತಲ್ಲೇ ಬುಗುರಿಯಂತೆ ತಿರುಗುತ್ತೆ. ಹರಿಗೋಲಲ್ಲಿ ಕೊಲೊರಾಡೊ ಇಳಿಯಿರಿ ಅಂತ ನಾವು ಹೇಳ್ತಿಲ್ಲ, ದಯವಿಟ್ಟು ಬೇಡ. ಆದರೆ ತಳದ ವಿಚಾರದಲ್ಲಿ ಅದೇ ಜಾಣ.

[ತೆರೆಯ ಮೇಲೆ: ಮೇಲಿನಿಂದ ಕಂಡ ನದಿ. ಪಕ್ಕದ ಕಮರಿ ನದಿಗೆ ಸೇರುವ ಜಾಗ.]

ದಾಂಡೇಲಿಯಲ್ಲಿ ರ‍್ಯಾಫ್ಟಿಂಗ್ ಮಾಡಿದವರಿಗೆ ರ‍್ಯಾಪಿಡ್ ಅಂದರೆ ಗೊತ್ತು, ನದಿ ಬಂಡೆಗಳ ಮಧ್ಯೆ ರಭಸದಿಂದ ಧುಮುಕುವ ಜಾಗ. ಗ್ರ್ಯಾಂಡ್ ಕ್ಯಾನ್ಯನ್ನಿನ ರ‍್ಯಾಪಿಡ್‌ಗಳು ಹುಟ್ಟೋದಕ್ಕೆ ಒಂದು ಲೆಕ್ಕ ಇದೆ. ಜೋರು ಮಳೆ ಬಂದಾಗ ಪಕ್ಕದ ಕಮರಿಗಳಿಂದ ಕೆಸರಿನ ಜೊತೆ ದೊಡ್ಡ ದೊಡ್ಡ ಬಂಡೆಗಳು ಉರುಳಿ ಬಂದು ಕಮರಿಯ ಬಾಯಲ್ಲಿ ಬೀಸಣಿಗೆ ಆಕಾರದ ರಾಶಿಯಾಗಿ ಬೀಳುತ್ತವೆ. ನದಿ ಅಲ್ಲಿ ಕಿರಿದಾಗುತ್ತೆ. ರಾಶಿಯ ಮೇಲ್ಗಡೆ ನೀರು ಕೆರೆಯಂತೆ ನಿಲ್ಲುತ್ತೆ, ಆಮೇಲೆ ಒಮ್ಮೆಲೇ ಜಾರುತ್ತೆ. 1966ರ ಡಿಸೆಂಬರಿನ ಒಂದೇ ಮಳೆ ಕ್ರಿಸ್ಟಲ್ ರ‍್ಯಾಪಿಡನ್ನ ಸಾಧಾರಣದಿಂದ ಭಯಂಕರ ಮಾಡಿಬಿಟ್ಟಿತು. ಜಾರುವ ಜಾಗದಲ್ಲಿ ನುಣುಪಾದ, ನಾಲಿಗೆಯಂಥ ನೀರು ಕಾಣುತ್ತೆ, ಅದರ ಚೂಪು ತುದಿ ಕೆಳಮುಖ. ದಾರಿ ಅದೇ. ಹುಟ್ಟು ಹಾಕುವವನ ಬೆನ್ನಿಗೆ ಅದು ಕಾಣಲ್ಲ, ಅಷ್ಟೇ!

ಹಾಗಾಗಿ ಪೊವೆಲ್ ಒಂದು ಪದ್ಧತಿ ಮಾಡಿದರು. ಹಗುರ ದೋಣಿ ಮುಂದೆ, ಮಿಕ್ಕವು ನೂರು ನೂರು ಗಜ ಅಂತರದಲ್ಲಿ ಹಿಂದೆ. ಪೊವೆಲ್ ಬಾವುಟ ಬಲಕ್ಕೆ ಬೀಸಿದರೆ ಬಲಕ್ಕೆ ಬನ್ನಿ, ಎಡಕ್ಕಾದರೆ ಎಡಕ್ಕೆ, ಎರಡೂ ಕಡೆ ಬೀಸಿ ಕೆಳಗಿಳಿಸಿದರೆ ತಕ್ಷಣ ದಡ ಹತ್ತಿ. ದಡ ಹತ್ತಿದ ಮೇಲೆ ಕಾಲ್ನಡಿಗೆಯಲ್ಲಿ ಹೋಗಿ ರ‍್ಯಾಪಿಡ್ ನೋಡೋದು. ಇಳಿಯಬಹುದಾದರೆ ಇಳಿಯೋದು. ಆಗದಿದ್ದರೆ ಹಗ್ಗ ಕಟ್ಟಿ, ದಡದ ಬಂಡೆ ಮೇಲೆ ನಡೀತಾ, ಹಸು ಹಿಡಿದುಕೊಂಡು ಹೋದ ಹಾಗೆ ದೋಣಿಯನ್ನ ಮೆಲ್ಲಗೆ ಕೆಳಗೆ ಬಿಡೋದು. ಅದೂ ಆಗದಿದ್ದರೆ ಸಾಮಾನೆಲ್ಲ ಇಳಿಸಿ ತಲೆ ಮೇಲೆ, ಹೆಗಲ ಮೇಲೆ.

ಈ ಪದ್ಧತಿ ಕೈಕೊಟ್ಟಿದ್ದು ಜೂನ್ ಎರಡನೇ ವಾರದಲ್ಲಿ, ಲೊಡೋರ್ ಕಮರಿಯಲ್ಲಿ. 'ನೋ ನೇಮ್' ಎಂಬ ದೋಣಿಗೆ ಸರಿಯಾದ ಹೊತ್ತಿಗೆ ದಡ ಹತ್ತಲಾಗಲಿಲ್ಲ. ಬಂಡೆಗೆ ಬಡಿದು ಎರಡು ಹೋಳಾಯ್ತು. ಮೂವರೂ ಬದುಕಿದರು, ದಿನಸಿ ಹೋಯ್ತು. ಒಂದು ದೋಣಿ ಹೋದರೂ ಯಾವ ಪದಾರ್ಥವೂ ಪೂರ್ತಿ ಖಾಲಿಯಾಗಬಾರದು ಅಂತ ಎಲ್ಲವನ್ನೂ ದೋಣಿಗಳಿಗೆ ಹಂಚಿದ್ದರು. ಹಂಚೋಕೆ ಮರೆತಿದ್ದು ಗಾಳಿಯ ಒತ್ತಡ ಅಳೆಯುವ ಬ್ಯಾರೋಮೀಟರ್‌ಗಳನ್ನ. ಅಷ್ಟೂ ಇದ್ದಿದ್ದು ಒಡೆದ ದೋಣಿಯಲ್ಲೇ. ಮಾರನೇ ದಿನ ಬಂಡೆಗೆ ಸಿಕ್ಕಿಕೊಂಡಿದ್ದ ಹೋಳಿನಿಂದ ಅವನ್ನ ಹೊರತಂದಾಗ ದಡದಲ್ಲಿ ಕೇಕೆಯೋ ಕೇಕೆ. ಪೊವೆಲ್ ಖುಷಿಪಟ್ಟಿದ್ದು ಬ್ಯಾರೋಮೀಟರಿಗೆ. ಹುಡುಗರು ಕೇಕೆ ಹಾಕಿದ್ದು ಅದರ ಜೊತೆ ಸಿಕ್ಕ ವಿಸ್ಕಿ ಪೀಪಾಯಿಗೆ.

ಪೊವೆಲ್ ಖುಷಿಗೆ ಕಾರಣ ಇತ್ತು. ಎತ್ತರ ಕಮ್ಮಿಯಾದಷ್ಟೂ ಗಾಳಿಯ ಒತ್ತಡ ಜಾಸ್ತಿ, ಹೆಚ್ಚುಕಮ್ಮಿ ಸಾವಿರ ಅಡಿ ಇಳಿದರೆ ಪಾದರಸ ಒಂದು ಇಂಚು ಏರುತ್ತೆ. ಹೊರಟ ಜಾಗ ಸಮುದ್ರಮಟ್ಟಕ್ಕಿಂತ ಸುಮಾರು 6,000 ಅಡಿ ಮೇಲೆ. ನದಿ ಇವತ್ತಿಗೆ ಎಷ್ಟು ಇಳಿದಿದೆ, ಇನ್ನೆಷ್ಟು ಬಾಕಿ, ಮುಂದೆ ದೊಡ್ಡ ಜಲಪಾತ ಕಾದಿದೆಯಾ ಅನ್ನೋದಕ್ಕೆ ಇದ್ದ ಸುಳಿವು ಆ ಗಾಜಿನ ಕೊಳವೆ ಒಂದೇ.

[ತೆರೆಯ ಮೇಲೆ: ಲಿಟಲ್ ಕೊಲೊರಾಡೊ ಸಂಗಮ.]

ಆಗಸ್ಟ್ 13ಕ್ಕೆ ಲಿಟಲ್ ಕೊಲೊರಾಡೊ ಸಂಗಮ ಬಿಟ್ಟರು. ಇಲ್ಲಿಂದ ಮುಂದೆ ಯಾರಿಗೂ ಗೊತ್ತಿಲ್ಲದ ನಾಡು ಅಂತ ಪೊವೆಲ್ ಬರೆದರು. ಆ ಮಾತನ್ನ ಸ್ವಲ್ಪ ತಡೆದು ನೋಡಬೇಕು. ಮನುಷ್ಯರು ಈ ಲೋಕಕ್ಕೆ ಹೊರಬಂದ ಜಾಗ ಅಂತ ಅಲ್ಲಿನ ಮೂಲನಿವಾಸಿಗಳಾದ ಹೋಪಿ ಜನ ನಂಬುವ ಸಿಪಾಪುನಿ ಇರೋದು ಇದೇ ಸಂಗಮದ ಹತ್ತಿರ. ಉಪ್ಪು ತರಲು ಅವರು ನಡೆದು ಇಳಿಯುತ್ತಿದ್ದ ದಾರಿ ಬಂದು ಮುಟ್ಟೋದೂ ಇಲ್ಲೇ. 1540ರಲ್ಲಿ ಸ್ಪೇನಿನ ಕಾರ್ಡೆನಾಸ್ ತಂಡವನ್ನ ಕ್ಯಾನ್ಯನ್ನಿನ ಅಂಚಿಗೆ ಕರೆತಂದವರು ಇದೇ ಹೋಪಿ ಜನ. ಆ ತಂಡ ಮೂರು ದಿನ ಇಳಿಯುವ ದಾರಿ ಹುಡುಕಿತು. ಮೂವರು ಮೂರನೇ ಒಂದು ಭಾಗ ಇಳಿದು ವಾಪಸ್ ಬಂದರು. ಮೇಲಿಂದ ಆಳೆತ್ತರ ಕಂಡ ಬಂಡೆ ಹತ್ತಿರ ಹೋದರೆ ಸೆವಿಲ್ ನಗರದ ಗೋಪುರಕ್ಕಿಂತ ದೊಡ್ಡದು ಅಂದರು. ಕರೆತಂದವರು ಉಪ್ಪಿನ ದಾರಿ ತೋರಿಸಲಿಲ್ಲ. ಗೊತ್ತಿದ್ದೂ ಬಾಯಿ ಬಿಡಲಿಲ್ಲ ಅಂತಲೇ ನಮಗನ್ನಿಸೋದು.

ಇನ್ನೊಂದು ವಿಷಯ. ಬಂಡೆರಾಶಿಯ ಬೀಸಣಿಗೆ ಅಂದೆವಲ್ಲ, ದೋಣಿಯವರಿಗೆ ಅದು ಕಂಟಕ. ಆದರೆ ಗೋಡೆಗಳೇ ತುಂಬಿರುವ ಆ ಕಮರಿಯಲ್ಲಿ ಕೊಂಚ ಚಪ್ಪಟೆ ನೆಲ, ಪಕ್ಕದಲ್ಲಿ ಹಳ್ಳದ ನೀರು ಸಿಗೋದೂ ಅಲ್ಲೇ. ಸುಮಾರು 900 ವರ್ಷದ ಹಿಂದೆ ಪ್ವೆಬ್ಲೊ ಎಂಬ ಮೂಲನಿವಾಸಿ ಜನರ ಪೂರ್ವಜರು ಉಂಕಾರ್, ನಾಂಕೊವೀಪ್ ಹಳ್ಳಗಳ ಬಾಯಲ್ಲಿ ಮೆಕ್ಕೆಜೋಳ, ಹುರುಳಿಕಾಯಿ, ಕುಂಬಳ ಬೆಳೆದಿದ್ದು ಇಂಥ ರಾಶಿಗಳ ಮೇಲೆ. ನಾಂಕೊವೀಪಿನಲ್ಲಿ ನದಿಯಿಂದ ನೂರಾರು ಅಡಿ ಮೇಲೆ, ಬಂಡೆಯ ಚಾಚಿನ ಕೆಳಗೆ, ಅವರ ಕಣಜಗಳು ಇವತ್ತಿಗೂ ಸಾಲಾಗಿ ನಿಂತಿವೆ. ಕಲ್ಲು, ಮಣ್ಣಿನ ಗೋಡೆ, ಕಿಟಕಿಯಷ್ಟೇ ಬಾಗಿಲು. ಬಾಗಿಲಿಗೆ ಕಲ್ಲಿಟ್ಟು ಸಂದಿಗೆ ಮಣ್ಣು ಮೆತ್ತಿದರೆ ಇಲಿ ನುಗ್ಗಲ್ಲ, ಮಳೆ ಮುಟ್ಟಲ್ಲ.

ಪೊವೆಲ್ ತಂಡದ ಬೇಕನ್ ಅಷ್ಟರಲ್ಲಿ ಕೊಳೆತಿತ್ತು, ಹಿಟ್ಟು ಮುಗ್ಗಲು ಹಿಡಿದಿತ್ತು. ಆಗಸ್ಟ್ 26ಕ್ಕೆ ದಡದಲ್ಲಿ ಮೂಲನಿವಾಸಿಗಳ ಒಂದು ತೋಟ ಕಂಡಿತು. ಮೆಕ್ಕೆಜೋಳ ಇನ್ನೂ ಎಳಸು. ಹತ್ತು ಹನ್ನೆರಡು ಕುಂಬಳಕಾಯಿ ಕದ್ದು, ದೋಣಿ ಹತ್ತಿ ಓಡಿ, ಉಪ್ಪಿಲ್ಲದೆ ಬೇಯಿಸಿಕೊಂಡು ತಿಂದರು. ಯಾರಿಗೂ ಗೊತ್ತಿಲ್ಲದ ನಾಡಿನ ಕುಂಬಳಕಾಯಿ!

[ತೆರೆಯ ಮೇಲೆ: ಕಪ್ಪು ಬಂಡೆಯ ಒಳಕಮರಿ.]

ಕಷ್ಟವೆಲ್ಲ ಕಪ್ಪು ಬಂಡೆಯ ಜಾಗದಲ್ಲಿ. ಆ ಶಿಲೆಗೆ ಭೂವಿಜ್ಞಾನಿಗಳು ಇಟ್ಟ ಹೆಸರು ವಿಷ್ಣು. ಪೊವೆಲ್ ಜೊತೆ ಕೆಲಸ ಮಾಡಿದ ಕ್ಲಾರೆನ್ಸ್ ಡಟನ್ ಅಲ್ಲಿನ ಶಿಖರಗಳಿಗೆ ವಿಷ್ಣು, ಶಿವ ಅಂತ ನಾಮಕರಣ ಮಾಡಿದ್ದರು. ಆ ಶಿಲೆಯ ವಯಸ್ಸು ಸುಮಾರು 170 ಕೋಟಿ ವರ್ಷ. ಗಟ್ಟಿ ಶಿಲೆ ಸುಲಭವಾಗಿ ಸವೆಯಲ್ಲ, ಹಾಗಾಗಿ ಕಮರಿ ಇಕ್ಕಟ್ಟು, ಎಷ್ಟೋ ಕಡೆ ದಡವೇ ಇಲ್ಲ. ದಡ ಇಲ್ಲದಿದ್ದರೆ ಹಗ್ಗ ಹಿಡಿದು ನಡೆಯೋದೆಲ್ಲಿ?

ಆಗಸ್ಟ್ 27ರ ರಾತ್ರಿ ಇಂಥದ್ದೇ ಒಂದು ರ‍್ಯಾಪಿಡ್ ಮುಂದೆ ಮೂವರು ಸಾಕು ಅಂದರು. ಪೊವೆಲ್ ಸೆಕ್ಸ್‌ಟೆಂಟ್ ತೆಗೆದು ನಕ್ಷತ್ರ ಅಳೆದು ಲೆಕ್ಕ ಹಾಕಿದರು. ಜನವಸತಿ ಇರುವ ವರ್ಜಿನ್ ನದಿ ಸಂಗಮಕ್ಕೆ ನೇರ ಗೆರೆಯಲ್ಲಿ 45 ಮೈಲಿ, ನದಿಯ ಅಂಕುಡೊಂಕಿನಲ್ಲಿ 80–90. ಲೆಕ್ಕ ಒಪ್ಪಿಕೊಳ್ಳದೆ ಹೌಲೆಂಡ್ ಸಹೋದರರು ಮತ್ತು ವಿಲಿಯಂ ಡನ್ ಬೆಳಗ್ಗೆ ಬೆಟ್ಟ ಹತ್ತಿದರು, ಮೇಲೆ ಕೊಲೆಯಾದರು. ಕೊಂದವರು ಯಾರು ಅನ್ನೋ ವಾದ ಇನ್ನೂ ನಿಂತಿಲ್ಲ. ದೋಣಿಯವರು ಆಗಸ್ಟ್ 30ಕ್ಕೆ ಸಂಗಮ ಮುಟ್ಟಿದರು. ಅಲ್ಲಿ ಬಲೆ ಎಳೆಯುತ್ತಿದ್ದವರಿಗೆ ಮೇಲಿನವರಿಂದ ಬಂದಿದ್ದ ಸೂಚನೆ: ತೇಲಿ ಬರುವ ಅವಶೇಷ ನೋಡಿಕೊಳ್ಳಿ.

ಅದಕ್ಕೂ ಮುಂಚೆ, 28ರ ಮಧ್ಯಾಹ್ನದ ಒಂದು ಗಳಿಗೆ. ತಂಡದ ಬ್ರ್ಯಾಡ್ಲಿ ದೋಣಿಯಲ್ಲಿದ್ದಾರೆ, ಹಗ್ಗ ಹಿಡಿದವರು ಬಂಡೆಗೋಡೆಯ ಮೇಲೆ. ಹಗ್ಗ ಸಾಲಲಿಲ್ಲ. ದೋಣಿ ಗೋಡೆಗೆ ಬಡಿಯತೊಡಗಿತು. ಬ್ರ್ಯಾಡ್ಲಿ ಕೊಯ್ಯಲು ಚಾಕು ತೆಗೆದರು. ಅಷ್ಟರಲ್ಲಿ ಹಗ್ಗ ಕಟ್ಟಿದ್ದ ಮೂತಿಯ ಮರವೇ ಕಿತ್ತು ಬಂತು. ಅವರು ಹಿಂದಿನ ದೊಡ್ಡ ಹುಟ್ಟನ್ನ ಕೊಂಡಿಗೆ ಸಿಕ್ಕಿಸಿ, ಒಂದೆರಡು ಸಲ ಜೋರಾಗಿ ತಳ್ಳಿ ದೋಣಿಯ ಮೂತಿಯನ್ನ ನೇರ ಕೆಳಕ್ಕೆ ತಿರುಗಿಸಿದರು. ನೊರೆಯಲ್ಲಿ ಮಾಯವಾಗಿ, ಕೆಳಗೆ ಎದ್ದು, ಟೋಪಿ ಬೀಸಿದರು.

ಕೂರುವ ದಿಕ್ಕಿನ ಸಮಸ್ಯೆಗೆ ಉತ್ತರ ಬಂದಿದ್ದು 1890ರ ದಶಕದಲ್ಲಿ, ಯೂಟಾದ ನೇಥನಿಯಲ್ ಗ್ಯಾಲೊವೇ ಎಂಬ ಬೇಟೆಗಾರನಿಂದ. ಚಪ್ಪಟೆ ತಳ, ಎರಡೂ ತುದಿ ಮೇಲಕ್ಕೆ ಬಾಗಿದ ಹಗುರ ದೋಣಿ. ಆತ ಇಡೀ ದೋಣಿಯನ್ನೇ ತಿರುಗಿಸಿ ಹಿಂಭಾಗವನ್ನ ಮುಂದು ಮಾಡಿದ. ಈಗ ಮುಖ ರ‍್ಯಾಪಿಡ್ ಕಡೆ, ಆದರೆ ಎಳೆಯೋದು ಪ್ರವಾಹಕ್ಕೆ ಎದುರಾಗಿ. ಪೊವೆಲ್ ಕಡೆಯವರು ನೀರಿಗಿಂತ ಜೋರಾಗಿ ಹೋಗಲು ಎಳೆದರು, ಬಂಡೆಗೂ ಅಷ್ಟೇ ಜೋರಾಗಿ ಬಡಿದರು. ನೀರಿಗಿಂತ ನಿಧಾನ ಹೋಗುವ ದೋಣಿಯನ್ನ ಸ್ವಲ್ಪ ಓರೆ ಮಾಡಿ ಎಳೆದರೆ ಅದು ಅಡ್ಡಡ್ಡ ಸರಿಯುತ್ತೆ, ಬಂಡೆ ಪಕ್ಕಕ್ಕೆ ಉಳಿಯುತ್ತೆ.

[ತೆರೆಯ ಮೇಲೆ: ಮೊದಲಿನ ರೇಖಾಚಿತ್ರ. ಮನುಷ್ಯ ಕೂತಲ್ಲೇ ಇದ್ದಾನೆ. ನೀರಿನ ಬಾಣದ ಗುರುತು ಎಡಕ್ಕೆ ತಿರುಗುತ್ತದೆ.]